ಮಂದಿ ಇದ್ದಾಗಿನ ಮಾತು

ಕಾಲುವೆ ಕ್ಯಾಂಪ್, ಶಹಾಪುರ ತಾಲೂಕು
೧೦ ಜನವರಿ ೧೯೮೮

ಅಕ್ಕಾ,

ಈ ಸಲ ಮೊದಲು ಸುದ್ದಿ, ಕ್ಷೇಮಸಮಾಚಾರ ಆಮೇಲೆ. ನಮ್ಮ ಮನೆಗೆ ಟಿ.ವಿ. ಬಂದಿದೆ! ಗುಮಾಸ್ತರ ಮನೆಗಳ ಸಾಲಿನಲ್ಲಿ ಇದೊಂದೇ. ಇವರು ಗುಲಬರ್ಗಾದಿಂದ ಆಫೀಸಿನ ಜೀಪಿನಲ್ಲಿ ಹಾಕಿಕೊಂಡು ಬಂದರು. ಜೀಪಿನ ಡ್ರೈವರು ನಮ್ಮ ಪಕ್ಕದ ಮನೆಯ ಇಸ್ಮಾಯಿಲಸಾಬರು. ಅವರು ಮಾಳಿಗೆ ಹತ್ತಿ ಆಂಟೆನಾ ತಿರುಗಿಸುತ್ತಿದ್ದರೆ ಇವರು ಅಂಗಳದಲ್ಲಿ ನಿಂತು, "ಇನ್ನೊಂಚೂರು ಯಾದಗಿರಿ ಕಡಿ! ಬಾಳಾತು, ಸುರಪುರ ಕಡಿ ತಿರುಗಸ್ರಿ!" ಎಂದು ಕೂಗುತ್ತಿದ್ದರು. ಚಿತ್ರ ಮೂಡಿದಾಗ ಇಡೀ ಸಾಲು ಚಪ್ಪಾಳೆ ಹೊಡೆಯಿತು.

ಭಾನುವಾರ ಬೆಳಿಗ್ಗೆ ದಿಲ್ಲಿಯಿಂದ ಒಂದು ಹಿಂದಿ ಧಾರವಾಹಿ ಬರುತ್ತದೆ. ದೊಡ್ಡ ಮನೆತನದ ಕಥೆ. ಅಂಗಳಕ್ಕೆ ಬಂದರೆ ಎಲ್ಲರೂ ನಗುತ್ತಾರೆ, ಒಳಗೆ ಕೋಣೆಗೊಂದು ಜಗಳ. ನೋಡುತ್ತ ಮೊದಲು ನಗು ಬರುತ್ತದೆ, ಆಮೇಲೆ ಹೆದರಿಕೆಯಾಗುತ್ತದೆ. ಮಂದಿಗೆ ಹಿಂದಿ ಬರುವುದಿಲ್ಲವಲ್ಲ, ಇಸ್ಮಾಯಿಲಸಾಬರ ಹೆಂಡತಿ ಕುಬ್ರಾಬೇಗಂ ಟಿ.ವಿ. ಪಕ್ಕದಲ್ಲೇ ಕೂತು ಒಂದೊಂದು ಮಾತನ್ನೂ ಕನ್ನಡದಲ್ಲಿ ಹೇಳುತ್ತಾರೆ. ಕಾಲುವೆಯ ಕೆಲಸಗಾರರು, ಅವರ ಹೆಂಡಿರು ಮಕ್ಕಳು ಎಲ್ಲ ಬಂದು ಕೂಡುತ್ತಾರೆ, ಬಾಗಿಲಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಇವರು ಒಬ್ಬೊಬ್ಬರನ್ನೂ ಹೆಸರು ಹಿಡಿದು ಕರೆದು ಕೂಡಿಸುತ್ತಾರೆ. "ಲಾಲವ್ವಾ, ಎಲ್ಲಾರಿಗೂ ಚಾ ಮಾಡು" ಎನ್ನುತ್ತಾರೆ. ಮಂದಿ ಬಂದರೆ ಮನೆ ಮನೆಯಂತೆ ಇರುತ್ತದೆ.

ಅತ್ತೆ ಚೆನ್ನಾಗಿದ್ದಾರೆ. ನಾನೂ ಚೆನ್ನಾಗಿದ್ದೇನೆ.

ನಿನ್ನ
ಲಾಲಮ್ಮ

ಅಕ್ಕನವರಿಗೆ ಅಂಬ್ರಪ್ಪನ ಶರಣು. ಅಂಚೆಗೆ ಹಾಕುವ ಮೊದಲು ನನ್ನದೂ ನಾಲ್ಕು ಅಕ್ಷರ. ಟಿ.ವಿ. ಬಂದಾಗಿನಿಂದ ನಿಮ್ಮ ತಂಗಿ ನನ್ನ ಮುಖ ನೋಡುವುದನ್ನೇ ಬಿಟ್ಟಿದ್ದಾಳೆ! ನೀವಾದರೂ ಬಂದು ಬುದ್ಧಿ ಹೇಳಿರಿ.

*

ಕೆಂಭಾವಿ
೨೪ ಜನವರಿ ೧೯೮೮

ಲಾಲವ್ವಾ,

ನಿನ್ನ ಪತ್ರವನ್ನು ಶಾಲೆಯಲ್ಲಿ ಓದಿ ಒಬ್ಬಳೇ ನಕ್ಕೆ. ಹುಡುಗರು ಗಾಬರಿಯಾದರು, ಅವರು ನನ್ನ ನಗು ನೋಡಿದ್ದಿಲ್ಲ. ಅದು 'ಧಾರವಾಹಿ' ಅಲ್ಲ, 'ಧಾರಾವಾಹಿ'. ಎಸ್ಸೆಸ್ಸೆಲ್ಸಿ ಮುಗಿಸಿದವಳು ದೀರ್ಘ ನುಂಗಬಾರದು.

ಅವ್ವ ಸತ್ತಾಗ ನೀನು ನನ್ನ ಸೊಂಟದ ಮೇಲಿದ್ದೆ. ನಿನ್ನನ್ನು ಒಂದು ಒಳ್ಳೆಯ ಮನೆ ಸೇರಿಸಿದರೆ ನನ್ನ ಕೆಲಸ ಮುಗಿಯಿತು ಎಂದುಕೊಂಡಿದ್ದೆ. ನನಗಿದ್ದ ಭಯ ಒಂದೇ, ನಿನ್ನ ಬಾಯಿ. ಯಾರ ಮುಂದೆ ಏನು ಅನ್ನಬೇಕೆಂಬ ಎಚ್ಚರ ನಿನಗಿರಲಿಲ್ಲ. ಆ ಬಾಯಿಯನ್ನು ಸಹಿಸಿಕೊಂಡು ಪತ್ರದ ಕೊನೆಯಲ್ಲಿ ಚೇಷ್ಟೆ ಮಾಡುವ ಗಂಡ ಸಿಕ್ಕನಲ್ಲ, ನಿನ್ನ ಪುಣ್ಯ.

ನಾನು ಮನೆ ಬದಲಿಸಿದ್ದೇನೆ. ಹೊಸ ವಿಳಾಸ ಹಿಂಬದಿಯಲ್ಲಿದೆ. ಗಾಳಿ ಬೆಳಕು ಚೆನ್ನಾಗಿದೆ. ನೀನು ಟಿ.ವಿ. ಬಗ್ಗೆ ಬರೆದೆ, ಅವರ ಬಗ್ಗೆ ಬರೆದೆ. ನಿನ್ನ ಬಗ್ಗೆ ಒಂದೇ ಸಾಲು ಬರೆದೆ. ಇನ್ನೊಮ್ಮೆ ಉದ್ದ ಬರಿ.

ದೇವಕಮ್ಮ

*

ಕಾಲುವೆ ಕ್ಯಾಂಪ್
೬ ಮಾರ್ಚ್ ೧೯೮೮

ಅಕ್ಕಾ,

ಯುಗಾದಿಗೆ ಬರಲು ಆಗುವುದಿಲ್ಲ. ಇವರಿಗೆ ರಜೆಯಿಲ್ಲ, ಅತ್ತೆಗೆ ಮೊಣಕಾಲು ನೋವು. ಒಬ್ಬಳೇ ಬರೋಣವೆಂದರೆ ಕಾಲುವೆಗೆ ನೀರು ಬಿಟ್ಟಿದ್ದಾರೆ. ರಸ್ತೆ ಎದುರಿಗೇ ಕಾಣುತ್ತದೆ, ಬಸ್ಸು ಹೋಗುವುದೂ ಕಾಣುತ್ತದೆ, ಆದರೆ ದಾಟಲು ಸೇತುವೆ ತನಕ ಸುತ್ತಬೇಕು.

ನೀನು ನನ್ನ ಬಗ್ಗೆ ಬರಿ ಎಂದೆ. ಏನು ಬರೆಯಲಿ? ಬೆಳಿಗ್ಗೆ ರೊಟ್ಟಿ ಬಡಿಯುತ್ತೇನೆ. ಸಂಜೆ ಅಂಗಳಕ್ಕೆ ನೀರು ಹೊಡೆಯುತ್ತೇನೆ, ಆದರೂ ಕ್ಯಾಂಪಿನ ಧೂಳು ಅಡಗುವುದಿಲ್ಲ. ಭಾನುವಾರ ಬೇಗ ಬರಲಿ ಎಂದು ಕಾಯುತ್ತೇನೆ. ಕರೆಂಟು ಹೋಗದಿರಲಿ, ಮಂದಿ ಬೇಗ ಏಳದಿರಲಿ ಎಂದು ಕೇಳಿಕೊಳ್ಳುತ್ತೇನೆ. ಧಾರಾವಾಹಿ ಮುಗಿದ ಮೇಲೂ ಇನ್ನೊಂದು ಸಲ ಚಾ ಇಡುತ್ತೇನೆ, ಯಾರೂ ಕೇಳದಿದ್ದರೂ. ಕುಬ್ರಾಬೇಗಂ ಇತ್ತೀಚೆಗೆ ಟಿ.ವಿ.ಯವರು ಅಂದದ್ದಕ್ಕೆ ತಮ್ಮದನ್ನೂ ಸೇರಿಸಿ ಹೇಳುತ್ತಾರೆ. ಅವರನ್ನು ಬಿಟ್ಟರೆ ಹಿಂದಿ ತಿಳಿದವಳು ನಾನೊಬ್ಬಳೇ ಆದ್ದರಿಂದ ಅದು ನನಗೊಬ್ಬಳಿಗೇ ಗೊತ್ತಾಗುತ್ತದೆ.

ಇವರು ಚೆನ್ನಾಗಿದ್ದಾರೆ.

ಲಾಲಮ್ಮ

ಅಕ್ಕನವರೇ, ಒಂದು ಮುಖ್ಯ ವಿಷಯ. ವಡಗೇರಾದಲ್ಲಿರುವ ನಮ್ಮಣ್ಣ ಹುಲಗಪ್ಪ ನಿಮಗೆ ಗೊತ್ತು. ಹೆಂಡತಿ ತೀರಿಕೊಂಡಾಗಿನಿಂದ ಒಬ್ಬನೇ ಇದ್ದಾನೆ. ಹೊಲಕ್ಕೆ ಕಾಲುವೆ ನೀರು ಬರುವುದಿದೆ, ಮಕ್ಕಳಿಲ್ಲ, ಕೆಟ್ಟ ಚಟವಿಲ್ಲ. ನೀವು ಒಪ್ಪಿದರೆ ಅಕ್ಕ ತಂಗಿ ಒಂದೇ ಮನೆಯವರಾಗುತ್ತೀರಿ. ನಮ್ಮ ಅವ್ವನಿಗೂ ಮನಸ್ಸಿದೆ. ನಿಮ್ಮ ನೌಕರಿಗೆ ಯಾರೂ ಅಡ್ಡ ಬರುವುದಿಲ್ಲ. ವಿಚಾರ ಮಾಡಿರಿ. ಅಂಬ್ರಪ್ಪ.

*

ಕೆಂಭಾವಿ
೩ ಏಪ್ರಿಲ್ ೧೯೮೮

ಲಾಲವ್ವಾ,

ಕಳ್ಳಿ, ಇಂಥ ವಿಷಯವನ್ನು ಗಂಡನ ಕೈಯಲ್ಲಿ ಬರೆಸುತ್ತೀಯಾ? ನೀನೇ ಕೇಳಬಹುದಿತ್ತು. ಮೊದಲು ಸಿಟ್ಟು ಬಂತು, ಆಮೇಲೆ ಕನ್ನಡಿ ನೋಡಿಕೊಂಡೆ. ಮೂವತ್ತನಾಲ್ಕು ಮುಗಿಯುತ್ತ ಬಂದವಳು ಕನ್ನಡಿ ನೋಡುವುದು ನಗುವ ಮಾತೇ ಸರಿ.

ನನ್ನ ಮಟ್ಟಿಗೆ ಮದುವೆಯ ಮಾತು ಎಂದೋ ಮುಗಿದಿತ್ತು. ಶಾಲೆಯಲ್ಲಿ ದಿನವಿಡೀ ದನಿ ಎತ್ತರಿಸಿ ಮಾತಾಡುತ್ತೇನೆ, ಮನೆಗೆ ಬಂದು ಬೀಗ ತೆಗೆದರೆ ಬೀಗದ ಸಪ್ಪಳವೇ ದೊಡ್ಡದಾಗಿ ಕೇಳುತ್ತದೆ. ಇದನ್ನು ನಿನಗೆ ಹಿಂದೆಂದೂ ಬರೆದಿಲ್ಲ. ಬೇರೆ ಯಾರ ಮನೆಯ ಮಾತು ಬಂದಿದ್ದರೂ ಆಗುವುದಿಲ್ಲ ಎನ್ನುತ್ತಿದ್ದೆ. ಇದು ನೀನಿರುವ ಮನೆ. ನಿನ್ನ ಪತ್ರ ಓದಿದಾಗೆಲ್ಲ ನನಗೆ ಆ ಮನೆಯ ಗದ್ದಲ, ನಗು ಕೇಳಿಸುತ್ತದೆ. ತಮ್ಮ ಇಂಥವನಾದರೆ ಅಣ್ಣನೂ ಇಂಥವನೇ ಇರಬೇಕು.

ಮೇ ತಿಂಗಳ ಸೂಟಿಗೆ ಬಂದು ಕಣ್ಣಾರೆ ನೋಡಿ ಹೇಳುತ್ತೇನೆ.

ದೇವಕಮ್ಮ

*

ಕಾಲುವೆ ಕ್ಯಾಂಪ್
೧೫ ಏಪ್ರಿಲ್ ೧೯೮೮

ಅಕ್ಕಾ,

ನಿನ್ನ ಪತ್ರ ಬಂದ ಮೇಲೆಯೇ ಈ ವಿಷಯ ನನಗೆ ತಿಳಿದದ್ದು.

ನಿನಗೆ ಸಂಸಾರ ಹೊಂದುವುದಿಲ್ಲ. ಇಷ್ಟು ವರ್ಷ ಒಬ್ಬಳೇ ಇದ್ದು ರೂಢಿಯಾಗಿದೆ. ವಡಗೇರಾದ ನೀರು ಒಳ್ಳೆಯದಲ್ಲ. ಬಿಸಿಲೂ ಹೆಚ್ಚು. ಕೆಂಭಾವಿಗೆ ಬಸ್ಸಿನ ಅನುಕೂಲವಿಲ್ಲ. ನೀನು ಇದ್ದಲ್ಲೇ ಇರುವುದು ಒಳ್ಳೆಯದು.

ಸೂಟಿಗೆ ಬಾ. ಖಂಡಿತ ಬಾ.

ಲಾಲಮ್ಮ

ಅಕ್ಕನವರೇ, ತಪ್ಪು ತಿಳಿಯಬೇಡಿರಿ. ಬಿಸಿಲಿಗೋ ಏನೋ ಲಾಲವ್ವನ ತಲೆ ಈಚೆಗೆ ಸ್ವಲ್ಪ ಸರಿಯಿಲ್ಲ. ಸುಮ್ಮಸುಮ್ಮನೆ ಅಳುತ್ತಾಳೆ, ಇಲ್ಲದ್ದನ್ನು ಕಲ್ಪಿಸಿಕೊಳ್ಳುತ್ತಾಳೆ. ನಾವೆಲ್ಲ ಚೆನ್ನಾಗಿ ನೋಡಿಕೊಳ್ಳುತ್ತಿದ್ದೇವೆ. ನೀವು ಬಂದರೆ ಅವಳಿಗೂ ಹಗುರಾದೀತು. ಅಂಬ್ರಪ್ಪ.

*

ಕೆಂಭಾವಿ
೩೦ ಮೇ ೧೯೮೮

ಲಾಲವ್ವಾ,

ಏಪ್ರಿಲ್‌ನಲ್ಲಿ ನೀನು ಬರೆದ ಪತ್ರ ನನಗೆ ಮುಳ್ಳಿನಂತೆ ಚುಚ್ಚಿತ್ತು. ನೋವು ಇಟ್ಟುಕೊಂಡೇ ನಿಮ್ಮ ಮನೆಗೆ ಬಂದೆ. ಬಂದು ನೋಡಿದ ಮೇಲೆ ನಿನ್ನ ಮೇಲೆ ಕನಿಕರವಾಯಿತು. ಎಲ್ಲ ಇದ್ದೂ ನಿನಗೆ ಯಾಕೆ ಸಮಾಧಾನವಿಲ್ಲ?

ಬಸ್ಸಿನಿಂದ ಇಳಿದಾಗ ಅಂಬ್ರಪ್ಪ ಸೇತುವೆಯ ಬಳಿಯೇ ನಿಂತಿದ್ದರು, ನನ್ನ ಚೀಲ ಕಸಿದುಕೊಂಡರು. "ಅಕ್ಕಾರ, ಮದ್ಲ ನೀರು ಕುಡೀರಿ, ಆಮ್ಯಾಗ ಬೈರಿ" ಎಂದರು. ಭಾನುವಾರ ಮನೆ ತುಂಬಿತು. ನಿನ್ನನ್ನು ಅವರು ಎಷ್ಟು ಸಲ ಕರೆದರು! "ಲಾಲವ್ವಾ, ಅಕ್ಕಗ ದಿಂಬು ಕೊಡು. ಲಾಲವ್ವಾ, ನೀನೂ ಕುಂದ್ರು, ಸಾಕು ಕೆಲಸ." ನೀನು ಮಾತ್ರ ಬಿಗಿದ ಮುಖದಲ್ಲಿ ಓಡಾಡುತ್ತಿದ್ದೆ. ಅಡಿಗೆಮನೆಯಲ್ಲಿ ನನ್ನ ಮುಂಗೈ ಗಟ್ಟಿಯಾಗಿ ಹಿಡಿದೆ, ಏನೋ ಹೇಳುತ್ತೀ ಎಂದು ಕಾದರೆ "ಸಾರಿಗೆ ಉಪ್ಪು ಸರಿ ಅದೇನು?" ಎಂದೆ. ನಿನ್ನ ಅತ್ತೆ ಬಾಗಿಲಲ್ಲೇ ಇದ್ದರು. ಅವರೂ ನಕ್ಕರು.

ಹೊರಡುವ ಮೊದಲು ನಾನು ಒಪ್ಪಿಗೆ ಹೇಳಿ ಬಂದಿದ್ದೇನೆ. ನಾಗರಪಂಚಮಿ ಮುಗಿದ ಮೇಲೆ ಬುದ್ಧನ ಪಟದ ಮುಂದೆ ಸರಳವಾಗಿ ಆಗಲಿ ಎಂದೆ, ಅವರೂ ಒಪ್ಪಿದರು. ಹುಲಗಪ್ಪನವರು ಒಮ್ಮೆ ಬಂದು ಹೋದರು. ಮಂದಿಯ ನಡುವೆ ಬಹಳ ನಯವಾಗಿ ಮಾತಾಡಿದರು.

ದೇವಕಮ್ಮ

*

ಕಾಲುವೆ ಕ್ಯಾಂಪ್
೧೩ ಜೂನ್ ೧೯೮೮

ಅಕ್ಕಾ,

ಇದನ್ನು ಕುಬ್ರಾಬೇಗಂ ಮನೆಯಲ್ಲಿ ಕೂತು ಬರೆಯುತ್ತಿದ್ದೇನೆ. ಇಸ್ಮಾಯಿಲಸಾಬರು ಜೀಪು ತೆಗೆದುಕೊಂಡು ಕೆಂಭಾವಿ ಕಡೆ ಹೋಗುವವರಿದ್ದಾರೆ, ನಿನ್ನ ಕೈಗೇ ಕೊಡುತ್ತಾರೆ. ಈವರೆಗೆ ನಾನು ಬರೆದ ಪತ್ರವನ್ನೆಲ್ಲ ಅಂಬ್ರಪ್ಪನವರು ಓದಿ, ತಮ್ಮದೂ ಬರೆದು, ಅನ್ನದ ಅಗುಳು ಹಚ್ಚಿ ಅಂಟಿಸಿ ಅಂಚೆಗೆ ಹಾಕಿದ್ದಾರೆ. ಇದನ್ನು ಓದುವುದಿಲ್ಲ.

ಅವರು ನನ್ನೊಂದಿಗೆ ಮಾತಾಡುವುದಿಲ್ಲ. ಬೈಯುವುದಿಲ್ಲ, ಹೊಡೆಯುವುದಿಲ್ಲ, ಮಾತೇ ಆಡುವುದಿಲ್ಲ. ಹೋದ ವರ್ಷ ಮಳೆಗಾಲದಲ್ಲಿ ಅವರ ಸಾಹೇಬರು ಮನೆಗೆ ಬಂದಿದ್ದರು. ಇವರು ತಾವು ಪಿಯುಸಿ ಪಾಸು ಎಂದರು. ಚಾ ಕೊಡಲು ಬಂದ ನಾನು ನಗುತ್ತ, "ಇಲ್ರಿ ಸಾಹೇಬ್ರ, ಇಂಗ್ಲೀಷಿನ್ಯಾಗ ಫೇಲಾಗ್ಯಾರ" ಎಂದುಬಿಟ್ಟೆ. ಸಾಹೇಬರೂ ನಕ್ಕರು, ಇವರೂ ನಕ್ಕರು. ಜೀಪು ಕಣ್ಣಿಗೆ ಮರೆಯಾಗುವ ತನಕ ನಗುತ್ತಲೇ ಇದ್ದರು. ಆಮೇಲೆ ಬಾಯಿ ಮುಚ್ಚಿದವರು ಮಂದಿ ಇಲ್ಲದಾಗ ನನಗೆಂದು ಇಂದಿನವರೆಗೆ ತೆರೆದಿಲ್ಲ.

ಊಟಕ್ಕೆ ಕೂತರೆ, "ಅವ್ವಾ, ಸಾರು ಬೇಕಂತ ಹೇಳು" ಎನ್ನುತ್ತಾರೆ. ನಾನು ಅಲ್ಲೇ ಸೌಟು ಹಿಡಿದು ನಿಂತಿರುತ್ತೇನೆ. ಒಮ್ಮೆ ಅತ್ತೆ ಸಂತೆಗೆ ಹೋಗಿದ್ದರು. ಇವರ ಅಂಗಿಯ ಗುಂಡಿ ಕಿತ್ತಿತ್ತು. ಅಂಗಿ ತಂದು ನನ್ನ ಮುಂದಿಟ್ಟು, ಟಿ.ವಿ. ಕಡೆ ತಿರುಗಿ, "ಗುಂಡಿ ಹೋಗ್ಯಾದ" ಎಂದರು. ಟಿ.ವಿ. ಬಂದ್ ಇತ್ತು. ನನಗೆ ನಗು ತಡೆಯಲಾಗಲಿಲ್ಲ ಅಕ್ಕಾ. ನಗುತ್ತ ನಗುತ್ತ ಗುಂಡಿ ಹಚ್ಚಿದೆ, ಹಚ್ಚುತ್ತ ಅತ್ತುಬಿಟ್ಟೆ.

ಮಂದಿ ಬಂದರೆ ಮಾತ್ರ ನಾನು ಅವರಿಗೆ ಲಾಲವ್ವ. ನೀನು ಕೇಳಿ ಸಂತೋಷಪಟ್ಟೆಯಲ್ಲ, ಅವೆಲ್ಲ ನಿನಗೆ ಹೇಳಿದ ಮಾತು, ನನಗಲ್ಲ. ಆದರೂ ನಾನು ಆ ಮಾತಿಗಾಗಿ ಭಾನುವಾರ ಕಾಯುತ್ತೇನೆ. ಸುಳ್ಳೆಂದು ಗೊತ್ತಿದ್ದೂ ಹೆಸರು ಹಿಡಿದು ಕರೆದರೆ ಎದೆ ಹಾರುತ್ತದೆ. ಇದನ್ನು ಬರೆಯಲು ನಾಚಿಕೆಯಾಗುತ್ತದೆ.

ಕುಬ್ರಾಬೇಗಂಗೆ ನಾನು ಏನೂ ಹೇಳಿರಲಿಲ್ಲ. ನಡುವೆ ಇರುವುದು ಒಂದೇ ಗೋಡೆ. ಒಂದು ಭಾನುವಾರ ಧಾರಾವಾಹಿಯ ಸೊಸೆ ಅಡಿಗೆಯವನಿಗೆ ಏನೋ ಹೇಳುತ್ತಿದ್ದಳು. ಕುಬ್ರಾಬೇಗಂ ಎಲ್ಲರಿಗೂ ಕೇಳುವಂತೆ, "ಈಕಿ ಅಂತಾಳ, ನನ್ನ ಗಂಡ ಮಂದಿ ಮುಂದ ಅಷ್ಟ ಮಾತಾಡ್ತಾನ, ನಾ ಯಾರ ಮುಂದ ಹೇಳ್ಲಿ?" ಎಂದರು. ಟಿ.ವಿ.ಯವಳು ಅಂದದ್ದು ಸಕ್ಕರೆ ತರಿಸು ಎಂದು. ನಾನು ತಿರುಗಿ ನೋಡಿದೆ. ಅವರು ನನ್ನನ್ನೇ ನೋಡುತ್ತಿದ್ದರು.

ನಾನು ಒಮ್ಮೆ ಅತ್ತೆಯ ಮುಂದೆ ಅತ್ತುಬಿಟ್ಟೆ. ಅವರು ಕಾಳು ಹಸನು ಮಾಡುತ್ತಲೇ, "ಇವರಪ್ಪನೂ ಹಿಂಗ ಇದ್ದ. ಸಾಯೂ ತನಕ ನನ್ನ ಕೂಡ ಮಾತಾಡ್ಲಿಲ್ಲ. ನಾ ಬದುಕಿಲ್ಲೇನು?" ಎಂದರು. "ಮತ್ತ ದೊಡ್ಡವರು?" ಎಂದು ಕೇಳಿದೆ. "ಹುಲಗ್ಯಾನೂ ಅಪ್ಪನ ಹಂಗ. ಅವನ ಹೆಂಡ್ತಿ ಬಾಳ ಮಾತಿನಾಕಿ ಇದ್ಲು. ಕಡೀಕಡೀಕ ಬಾವಿಕಟ್ಟಿ ಮ್ಯಾಗ ಕುಂತು ತನ್ನ ಕೂಡ ತಾನ ಮಾತಾಡ್ತಿದ್ಲು" ಎಂದರು. ಅವಳು ಹೇಗೆ ಸತ್ತಳು ಎಂದು ಕೇಳಿದರೆ ಎದ್ದು ಹೋದರು. ಆ ಮನೆಯಲ್ಲಿ ಅವಳ ಹೆಸರನ್ನು ಇವತ್ತಿಗೂ ಯಾರೂ ಎತ್ತುವುದಿಲ್ಲ.

ನನ್ನ ಸುಖ ನೋಡಿ ನೀನು ಒಪ್ಪಿದೆ. ಆ ಸುಖ ಇಲ್ಲ. ಬೇಡ ಅನ್ನು ಅಕ್ಕಾ.

ಲಾಲಮ್ಮ

*

ಕೆಂಭಾವಿ
೨೭ ಜೂನ್ ೧೯೮೮

ಲಾಲಮ್ಮ,

ನಿನ್ನ ಪತ್ರವನ್ನು ಎರಡು ಸಲ ಓದಿದೆ. ಉತ್ತರ ಬರೆಯಬಾರದು ಎಂದುಕೊಂಡಿದ್ದೆ.

ನಾನು ನಿಮ್ಮ ಮನೆಯಲ್ಲಿ ಇದ್ದು ಬಂದವಳು. ನನಗೂ ಕಣ್ಣು ಕಿವಿ ಇವೆ. ಮಾತಾಡದ ಗಂಡ ಅಷ್ಟು ಸಲ ಹೆಸರು ಹಿಡಿದು ಕರೆಯುವುದುಂಟೆ? ಅಂಬ್ರಪ್ಪನವರು ನಿನ್ನ ಮನಸ್ಸಿನ ಸ್ಥಿತಿಯ ಬಗ್ಗೆ ಮೊದಲೇ ಬರೆದಿದ್ದರು. ನಾನೇ ನಂಬಿರಲಿಲ್ಲ.

ನಿಜ ಹೇಳು. ನಾನು ನಿನಗೆ ನೆಗೆಣ್ಣಿಯಾಗಿ ಬರುವುದು ಬೇಡವಾಗಿದೆ ಅಲ್ಲವೇ? ಇಷ್ಟು ದಿನ ಅಕ್ಕ ಎಂದರೆ ನಿನಗಾಗಿ ಬದುಕುವವಳು. ಅವಳಿಗೂ ಒಂದು ಮನೆ ಬೇಕೆನಿಸಿದರೆ ಅದು ನಿನಗೆ ಅಪರಾಧ. ಸತ್ತ ಹೆಣ್ಣುಮಗಳ ಕಥೆ ಕಟ್ಟುವ ತನಕ ಹೋದೆಯಲ್ಲ.

ಪಕ್ಕದ ಮನೆಯ ಡ್ರೈವರನ ಕೈಯಲ್ಲಿ ಗುಟ್ಟಾಗಿ ಪತ್ರ ಕಳಿಸುವುದನ್ನು ನಾನು ನಿನಗೆ ಕಲಿಸಿಲ್ಲ. ಇದನ್ನು ಅಂಚೆಯಲ್ಲೇ ಹಾಕುತ್ತಿದ್ದೇನೆ. ನಿನ್ನ ಗಂಡ ಓದಿದರೂ ನನಗೆ ಅಂಜಿಕೆಯಿಲ್ಲ, ಓದಲಿ. ಅವರು ನಿನ್ನೊಂದಿಗೆ ಮಾತಾಡುವುದಿಲ್ಲ ಎಂಬ ನಿನ್ನ ದೂರನ್ನು ಅವರೇ ವಿಚಾರಿಸಿಕೊಳ್ಳಲಿ.

ದೇವಕಮ್ಮ

*

ಕಾಲುವೆ ಕ್ಯಾಂಪ್
೧೧ ಜುಲೈ ೧೯೮೮

ಅಕ್ಕಾ,

ನಿನ್ನ ಪತ್ರ ನನ್ನ ಕೈಗೆ ಬರಲಿಲ್ಲ, ಕಿವಿಗೆ ಬಂತು.

ಮನೆಗೆ ಬಂದ ಪತ್ರವನ್ನು ಅಂಬ್ರಪ್ಪ ಜೇಬಿನಲ್ಲಿ ಇಟ್ಟುಕೊಂಡು ಒಂದು ವಾರ ಓಡಾಡಿದ. ನನಗೆ ಹೇಳಬೇಕಾದರೆ ಮಾತಾಡಬೇಕಲ್ಲ. ನಿನ್ನೆ ಭಾನುವಾರ. ಧಾರಾವಾಹಿಯ ನಡುವೆ ಸಾಬೂನಿನ ಜಾಹೀರಾತು ಬಂತು. ಎದ್ದು ನಿಂತು ಪತ್ರ ಎತ್ತಿ ಹಿಡಿದ. "ಕೇಳ್ರಪ್ಪ ಇಲ್ಲಿ! ನಮ್ಮ ಲಾಲವ್ವ ಅವರಕ್ಕಗ ಏನ್ ಬರದಾಳ ಗೊತ್ತೇನು? ನಾ ಇಕಿ ಕೂಡ ಮಾತ ಆಡಂಗಿಲ್ಲಂತ! ಹೇಳ್ರಿ, ನಾ ಮಾತಾಡಂಗಿಲ್ಲೇನು?"

ಮನೆಯೆಲ್ಲ ನಕ್ಕಿತು. "ನಿಮ್ಮ ಬಾಯಿ ಮುಚ್ಚಸೂದ ನಮಗ ಆಗವಲ್ದು ಅಂಬ್ರಪ್ಪಣ್ಣ!" ಎಂದು ಯಾರೋ ಅಂದರು. ಅತ್ತೆ ಸೆರಗು ಬಾಯಿಗೆ ಹಿಡಿದು ನಕ್ಕರು. ನಾನು ಚಾದ ತಟ್ಟೆ ಹಿಡಿದು ನಿಂತಿದ್ದೆ. ಅವನು ನಿನ್ನ ಸಾಲುಗಳನ್ನು ಓದತೊಡಗಿದ. 'ಸತ್ತ ಹೆಣ್ಣುಮಗಳ ಕಥೆ' ಎಂಬಲ್ಲಿಗೆ ಬಂದು ತಾನೇ ತಡೆದು, ಮುಂದಿನದಕ್ಕೆ ಹಾರಿದ.

"ನಾ ಖರೇನ ಬರದೀನಿ" ಎಂದೆ.

ಅಷ್ಟರಲ್ಲಿ ಜಾಹೀರಾತು ಮುಗಿಯಿತು. "ಶ್ಶ್! ಸುಮ್ಕಿರವ್ವಾ, ಈಗ ಸೊಸಿ ಸಿಗಬೀಳ್ತಾಳ" ಎಂದು ಮುಂದೆ ಕೂತವರು ಗದರಿದರು. ಮಂದಿಯ ಮುಂದೆ ಮೊದಲ ಸಲ ಆ ಮಾತನ್ನು ಹೊರಗೆ ಹಾಕಿದ್ದೆ, ಒಬ್ಬರಿಗೂ ಕೇಳಿಸಲಿಲ್ಲ. ಎಲ್ಲರೂ ದಿಲ್ಲಿಯ ಸೊಸೆಗಾಗಿ ಮರುಗುತ್ತಿದ್ದರು.

ನಾನು ಹೋಗಿ ಟಿ.ವಿ. ಬಂದ್ ಮಾಡಿದೆ.

"ಏ, ಹಚ್ಚವ್ವಾ! ಏನ್ ಹುಚ್ಚೇನು?" ಎಂದು ಗದ್ದಲವಾಯಿತು. ಈಗ ಎಲ್ಲರೂ ನನ್ನನ್ನು ನೋಡುತ್ತಿದ್ದರು. "ಹಚ್ಚತೀನಿ" ಎಂದೆ. "ಒಂದು ಕೆಲಸ ಮಾಡ್ರಿ. ಎಲ್ಲಾರೂ ಹೊರಗ ನಿಂದರ್ರಿ. ಅತ್ತೀ, ನೀವೂನು. ಬಾಗಲಾ ಹಾಕ್ತೀನಿ. ಇವರು ನನ್ನ ಕೂಡ ಒಂದು ಮಾತಾಡ್ಲಿ. ನಿಮಗ ಕೇಳಿಸಿದ ಕೂಡ್ಲೇ ಒಳಗ ಬರ್ರಿ, ಟಿ.ವಿ. ಹಚ್ಚತೀನಿ."

"ಇಷ್ಟ ಏನು? ಹೋಗ್ರಪ್ಪ, ಹೋಗ್ರಿ" ಎಂದು ಅವನೇ ನಗುತ್ತ ಎಲ್ಲರನ್ನೂ ಕಳಿಸಿದ. ನಾನು ಬಾಗಿಲು ಹಾಕಿದೆ, ಕಿಟಕಿ ಹಾಕಿದೆ. ಹೊರಗೆ ನಗು, ನೂಕಾಟ. ಅವನು ನನ್ನ ಕಡೆ ತಿರುಗಿದ. ಮುಖದ ಮೇಲಿನ ನಗು ಇನ್ನೂ ಹಾಗೇ ಇತ್ತು. ಬಾಯಿ ತೆರೆದ. ಮುಚ್ಚಿದ. ಮತ್ತೆ ತೆರೆದ.

"ಏನಾತು? ಕೇಳಸ್ತೇನು?" ಎಂದು ಹೊರಗಿನವರು. "ಏನೂ ಇಲ್ಲ" ಎಂದು ಇನ್ನೊಬ್ಬರು.

ಅವನು ಸುಮ್ಮನೆ ಒಂದು ಕೂಗು ಹಾಕಿದ್ದರೆ ಸಾಕಿತ್ತು. ಹೊರಗೆ ಅಷ್ಟು ಮಂದಿ ಕಿವಿ ಹಚ್ಚಿ ನಿಂತಿದ್ದರು, ಅವನಿಗೂ ಗೊತ್ತಿತ್ತು. "ಹೆಸರು ಹಿಡದು ಕರೀರಿ, ಸಾಕು" ಎಂದೆ. ಅವನು ಕುರ್ಚಿ ಹಿಡಿದು ಕೂತ. ಅಲ್ಲಿಯವರೆಗೆ ನಾನು ಅವನು ಹಟಕ್ಕೆ ಮಾತಾಡುವುದಿಲ್ಲ ಎಂದುಕೊಂಡಿದ್ದೆ. ಆಗ ತಿಳಿಯಿತು, ಹಟ ಎಂದೋ ಮುಗಿದಿದೆ. ಈಗ ಅವನಿಗೆ ಬರುವುದೇ ಇಲ್ಲ. ಅವನೂ ಅದನ್ನು ಆಗಲೇ ತಿಳಿದವನಂತೆ ಹೆದರಿ ನನ್ನನ್ನು ನೋಡುತ್ತಿದ್ದ.

ಹೊರಗಿನ ನಗು ನಿಂತಿತು. ಆಮೇಲೆ ಪಿಸುಮಾತೂ ನಿಂತಿತು. ಆ ಮೌನದಲ್ಲಿ ಕುಬ್ರಾಬೇಗಂ ದನಿ ಕೇಳಿತು: "ಇದಕ್ಕೂ ತರ್ಜುಮಾ ಬೇಕೇನ್ರಿ?"

ನಾನು ಬಾಗಿಲು ತೆರೆದೆ. ಯಾರೂ ಟಿ.ವಿ. ಹಚ್ಚು ಎನ್ನಲಿಲ್ಲ. ತಮ್ಮ ತಮ್ಮ ಚಾಪೆ ಎತ್ತಿಕೊಂಡು, ಸತ್ತ ಮನೆಯಿಂದ ಹೋಗುವಂತೆ ಒಬ್ಬೊಬ್ಬರಾಗಿ ಹೋದರು.

ಇದನ್ನೂ ಇಸ್ಮಾಯಿಲಸಾಬರೇ ತರುತ್ತಾರೆ. ನೀನು ನಂಬು ಎಂದು ಇದನ್ನು ಬರೆದಿಲ್ಲ. ನಿನ್ನ ಪತ್ರ ಏನು ಮಾಡಿತು ಎಂಬುದು ನಿನಗೆ ತಿಳಿಯಲಿ ಎಂದು ಬರೆದೆ.

ಲಾಲಮ್ಮ

*

ಕೆಂಭಾವಿ
೨೪ ಜುಲೈ ೧೯೮೮

ಲಾಲವ್ವಾ,

ನಿನ್ನ ಪತ್ರಕ್ಕಿಂತ ಮೊದಲೇ ಸುದ್ದಿ ಇಲ್ಲಿಯ ಸಂತೆಗೆ ಬಂದಿತ್ತು. ಬದನೆಕಾಯಿ ಮಾರುವವಳು ನಕ್ಕು ನಕ್ಕು ಹೇಳಿದಳು, ಕ್ಯಾಂಪಿನಲ್ಲಿ ಒಬ್ಬ ಗುಮಾಸ್ತ ಹೆಂಡತಿಯ ಹೆಸರು ಮರೆತನಂತೆ ಎಂದು. ನಾನು ಚೀಲ ಅಲ್ಲೇ ಬಿಟ್ಟು ಮನೆಗೆ ಬಂದೆ.

ಕ್ಷಮಿಸು ಎಂದು ಬರೆದರೆ ಸಾಲದು. ನಾನು ವಡಗೇರಾಕ್ಕೆ ಹೋಗಿದ್ದೆ. ಹುಲಗಪ್ಪ ಕಟ್ಟೆಯ ಮೇಲೆ ನಾಲ್ಕು ಜನರ ಜೊತೆ ಕೂತಿದ್ದರು. "ಬರ್ರಿ ಟೀಚರ್ರ, ಬರ್ರಿ, ಚಾ ತರ್ರೋ!" ಎಂದರು. ನಾನು ನಿಂತೇ ಕೇಳಿದೆ, "ನಿಮ್ಮ ಮದಲಿನ ಹೆಂಡ್ತಿ ಹೆಸರೇನ್ರಿ?" ಕೂತವರ ಮುಖ ನೋಡಿ ನಕ್ಕರು. ಇನ್ನೊಮ್ಮೆ ಕೇಳಿದೆ. ಪಕ್ಕದಲ್ಲಿದ್ದ ಮುದುಕನೇ, "ಭೀಮಮ್ಮ ಅಂತಿತ್ತವ್ವಾ ಅಕಿ ಹೆಸರು. ಬಾವ್ಯಾಗ ಸಿಕ್ಕಳು" ಎಂದ. ಮದುವೆ ಇಲ್ಲ ಎಂದು ಅಲ್ಲೇ ಹೇಳಿ ಬಂದೆ.

ನಿನ್ನಂತೆ ನಾನೂ ಸುಳ್ಳೇ ಬರೆಯುತ್ತ ಬಂದೆ. ಗಾಳಿ ಬೆಳಕು ಚೆನ್ನಾಗಿದೆ ಎಂದು ಬರೆದ ಪ್ರತಿ ಸಲವೂ ನನ್ನನ್ನು ಒಂದು ಮನೆಯಿಂದ ಬಿಡಿಸಿರುತ್ತಿದ್ದರು. ಮನೆಯ ಮಾಲೀಕರು ಕೇರಿ ಯಾವುದೆಂದು ಕೇಳುತ್ತಾರೆ, ಆಮೇಲೆ ಒಬ್ಬಳೇ ಯಾಕಿದ್ದೀ ಎನ್ನುತ್ತಾರೆ. ಬೀಗ ತೆಗೆಯುವವರು ಇನ್ನೊಬ್ಬರಿದ್ದರೆ ಸಾಕು ಎನಿಸಿಬಿಟ್ಟಿತ್ತು. ಅದಕ್ಕೇ ನಿನ್ನ ಮಾತು ಸುಳ್ಳಾಗಲಿ ಎಂದು ಬಯಸಿದೆ.

ಯಾದಗಿರಿಯಲ್ಲಿ ಅಂಗನವಾಡಿ ಕಾರ್ಯಕರ್ತೆಯರ ತರಬೇತಿ ಶುರುವಾಗುತ್ತದೆ. ಹಾಸ್ಟೆಲಿನಲ್ಲೇ ಊಟ, ವಸತಿ. ನಿನ್ನ ಹೆಸರು ಕೊಟ್ಟು ಬಂದಿದ್ದೇನೆ. ನಾನು ಕರೆಯಲು ಬಂದರೆ ಅವನು ನನ್ನ ಮುಂದೆ ಮತ್ತೆ ಮಾತಾಡುತ್ತಾನೆ, ನೀನು ಮತ್ತೆ ನಿಲ್ಲುತ್ತೀ. ನೀನೇ ಹೊರಡು. ಇದನ್ನು ಇಸ್ಮಾಯಿಲಸಾಬರ ಕೈಯಲ್ಲೇ ಕೊಟ್ಟಿದ್ದೇನೆ.

ಅಕ್ಕ

*

ಮಹಿಳಾ ಹಾಸ್ಟೆಲ್, ಯಾದಗಿರಿ
೨೦ ನವೆಂಬರ್ ೧೯೮೮

ಅಕ್ಕಾ,

ದೀಪಾವಳಿಗೆ ನೀನು ಕೊಟ್ಟು ಹೋದ ಉಂಡಿ ಮುಗಿದವು. ಪಾಠ ಚೆನ್ನಾಗಿ ನಡೆದಿದೆ. ಮಕ್ಕಳ ತೂಕ ನೋಡುವುದು, ಹಾಡು, ಅಭಿನಯ ಎಲ್ಲ ಕಲಿಸುತ್ತಾರೆ. ನನ್ನ ಬಾಯಿಗೆ ಇಲ್ಲಿ ಬೆಲೆ ಇದೆ.

ಹೊರಟ ದಿನದ ಒಂದು ಮಾತನ್ನು ನಿನಗೆ ಎದುರಿಗೆ ಹೇಳಲು ಆಗಿರಲಿಲ್ಲ. ಅಂಬ್ರಪ್ಪ ಆಫೀಸಿಗೆ ಹೋಗಿದ್ದ. ನಾನು ಚೀಲ ಹಿಡಿದು ಬಂದಾಗ ಅತ್ತೆ ಹೊಸ್ತಿಲ ಮೇಲೆ ಕೂತಿದ್ದರು. ದಾಟಿ ಹೋಗಲು ಬಿಡುವುದಿಲ್ಲ ಎಂದುಕೊಂಡೆ. ಅವರು ಒಂದು ರೊಟ್ಟಿಯ ಗಂಟು ನನ್ನ ಕೈಗಿಟ್ಟು, ಸ್ವಲ್ಪ ಸರಿದು ಕೂತರು. "ನಾ ಕುಂತೆ. ನೀ ಹೋಗು" ಎಂದರು. ಕುಬ್ರಾಬೇಗಂ ಸೇತುವೆ ತನಕ ಬಂದು ಬಸ್ಸು ಹತ್ತಿಸಿದರು.

ಇವತ್ತು ಅಂಬ್ರಪ್ಪ ಬಂದಿದ್ದ.

ಅಂಗಳದ ಬೇವಿನ ಗಿಡದ ಕೆಳಗೆ ಕಲ್ಲುಬೆಂಚಿನ ಮೇಲೆ ಕೂತಿದ್ದ. ಇಳಿದು ಹೋಗಿದ್ದಾನೆ. ಸುತ್ತ ಯಾರೂ ಇರಲಿಲ್ಲ. "ಆರಾಮ ಅದೀರೇನು?" ಎಂದೆ. ತಲೆಯಾಡಿಸಿದ. "ಅತ್ತಿ?" ಎಂದೆ. ಅದಕ್ಕೂ ತಲೆಯಾಡಿಸಿದ. ಇಬ್ಬರೂ ಬೆಂಚಿನ ಎರಡು ತುದಿಯಲ್ಲಿ ಕೂತೆವು. ಬೇವಿನ ಎಲೆ ಅವನ ಹೆಗಲ ಮೇಲೆ ಬಿತ್ತು, ತೆಗೆದುಕೊಳ್ಳಲಿಲ್ಲ.

ಅಷ್ಟರಲ್ಲಿ ನಮ್ಮ ವಾರ್ಡನ್ ಮಲ್ಲಾಬಾಯಿ ಹೊರಗೆ ಬಂದರು. ಅಂಬ್ರಪ್ಪ ದಿಗ್ಗನೆ ಎದ್ದ. ಮುಖ ಹೊಳೆಯಿತು. "ನಮಸ್ಕಾರ್ರಿ ಬಾಯೋರ! ನಮ್ಮ ಲಾಲವ್ವ ಹ್ಯಾಂಗ ಕಲ್ಯಾಕತ್ತಾಳ್ರಿ? ಇಕಿ ಇಲ್ಲದ ನಮ್ಮ ಮನಿ ಮನಿ ಅನಸವಲ್ದು ನೋಡ್ರಿ. ನಾನ ಹಟ ಮಾಡಿ ಕಳಸೀನ್ರಿ, ಕಲೀಲಿ ಅಂತ!"

"ಎಂಥ ಚಲೋ ಗಂಡ ಸಿಕ್ಕಾನವ್ವಾ ನಿನಗ" ಎಂದರು ಮಲ್ಲಾಬಾಯಿ.

ಹಿಂದೆ ಇಂಥ ಮಾತಿಗೆ ನಾನು ತಲೆ ತಗ್ಗಿಸಿ ನಗುತ್ತಿದ್ದೆ. ಇವತ್ತು, "ಬಾಯೋರ, ಅವರು ನಿಮ್ಮ ಕೂಡ ಮಾತಾಡಾಕ ಬಂದಾರ್ರಿ. ಮಾತಾಡ್ರಿ" ಎಂದು ಎದ್ದು ಹೊರಟೆ. ಮಲ್ಲಾಬಾಯಿ ಅವನ ಮುಖ, ನನ್ನ ಮುಖ ನೋಡಿ ಒಳಗೆ ಹೋಗಿಬಿಟ್ಟರು.

ನಾನು ಮೆಟ್ಟಿಲು ಹತ್ತುತ್ತಿದ್ದೆ. ಹಿಂದಿನಿಂದ ದನಿ ಬಂತು.

"ಭಾನುವಾರ ಈಗ ಯಾರೂ ಬರಂಗಿಲ್ಲ."

ತಿರುಗಿ ನೋಡಿದೆ. ಅಂಗಳದಲ್ಲಿ ಅವನೊಬ್ಬನೇ ಇದ್ದ. ನನ್ನನ್ನು ನೋಡುತ್ತಿರಲಿಲ್ಲ, ನೆಲ ನೋಡುತ್ತಿದ್ದ. ಮಂದಿಯ ಮುಂದೆ ಅಷ್ಟು ಗಟ್ಟಿಯಾಗಿ ಮಾತಾಡುವವನ ಒಳದನಿ ಇಷ್ಟು ಸಣ್ಣದು, ಒಣಗಿದ್ದು ಎಂದು ನನಗೆ ಗೊತ್ತಿರಲಿಲ್ಲ. ಬಾಯಲ್ಲಿ ಇನ್ನೂ ಏನೋ ಇತ್ತು. ನಾನು ನಿಂತು ಕಾದೆ. ಬರಲಿಲ್ಲ.

ಸುಳ್ಳು ಹೇಳುವುದಿಲ್ಲ ಅಕ್ಕಾ, ನನಗೆ ಅಳು ಬಂತು. ಹೋಗಿ ಪಕ್ಕದಲ್ಲಿ ಕೂಡಬೇಕೆನಿಸಿತು. ಕೂತರೆ ಮತ್ತೆ ಏಳಲಾರೆ ಎಂದೂ ಅನಿಸಿತು. "ಶಹಾಪುರ ಬಸ್ಸು ಬಿಡೂ ವ್ಯಾಳ್ಯಾ ಆಗ್ಯಾದ, ಹೋಗ್ರಿ" ಎಂದೆ.

ಒಳಗೆ ಬಂದಾಗ ಕೋಣೆಯ ಹುಡುಗಿಯರು ಕಿಟಕಿಯಿಂದ ಸರಿದರು. "ಯಾರ ಬಂದಿದ್ರು?" ಎಂದು ಕೇಳಿದರು.

"ನನ್ನ ಗಂಡ" ಎಂದೆ.

"ಏನಂದ್ರು?"

"ಮಾತಾಡಿದ್ರು" ಎಂದೆ.

ಲಾಲಮ್ಮ